ಮಗಳನ್ನು ಹಾಜರುಪಡಿಸಿರಿ

ಕಲಬುರಗಿಯ ಹೈಕೋರ್ಟು ಪೀಠದಲ್ಲಿ ಒಂದು ಬೆಳಗನ್ನು ಊಹಿಸಿಕೊಳ್ಳೋಣ. ಆಳಂದ ತಾಲ್ಲೂಕಿನ ಯಾವುದೋ ಹಳ್ಳಿಯಿಂದ ಮೊದಲ ಬಸ್ಸಿಗೆ ಬಂದ ಒಕ್ಕಲುತನದ ಹಿರಿಯರೊಬ್ಬರು ಹಿಂದಿನ ಸಾಲಿನಲ್ಲಿ ಕುಳಿತಿದ್ದಾರೆ. ತಲೆಯ ರುಮಾಲನ್ನು ಬಿಚ್ಚಿ ತೊಡೆಯ ಮೇಲಿಟ್ಟುಕೊಂಡಿದ್ದಾರೆ. ಹದಿನೈದು ದಿನಗಳ ಹಿಂದೆ ಕಾಲೇಜಿಗೆಂದು ಹೋದ ಮಗಳು ಮನೆಗೆ ಮರಳಿಲ್ಲ. ಠಾಣೆಯಲ್ಲಿ ದೂರು ಕೊಟ್ಟದ್ದಾಯಿತು. ಬೀಗರು ನೆಂಟರಿರುವ ಊರುಗಳಲ್ಲೆಲ್ಲ ಹುಡುಕಿಸಿದ್ದಾಯಿತು. ಕಡೆಗೆ ವಕೀಲರ ಮಾತಿನಂತೆ ಹೈಕೋರ್ಟಿಗೆ ಅರ್ಜಿಯನ್ನೂ ಹಾಕಿದ್ದಾಯಿತು. ಇಂದು ಪೋಲೀಸರು ಮಗಳನ್ನು ಕರೆತಂದಿದ್ದಾರೆ. ಆಕೆಯಿಂದ ತುಸು ದೂರದಲ್ಲಿ ಒಬ್ಬ ತರುಣ ತಲೆ ತಗ್ಗಿಸಿ ನಿಂತಿದ್ದಾನೆ.

ನ್ಯಾಯಮೂರ್ತಿಗಳು ಹುಡುಗಿಯನ್ನು ಮುಂದಕ್ಕೆ ಕರೆದು ಕೇಳುವುದು ಎರಡೇ ಮಾತು. ನಿಮಗೆ ಎಷ್ಟು ವರ್ಷ? ನೀವು ನಿಮ್ಮ ಇಷ್ಟದಿಂದಲೇ ಹೋದಿರಾ, ಯಾರಾದರೂ ಒತ್ತಾಯಿಸಿದರೋ? ಆಕೆ ಇಪ್ಪತ್ತೆನ್ನುತ್ತಾಳೆ, ನನ್ನ ಇಷ್ಟದಿಂದಲೇ ಎನ್ನುತ್ತಾಳೆ. ದಾಖಲೆಯನ್ನು ನೋಡುತ್ತಾರೆ. ಆಕೆ ತನ್ನ ಇಷ್ಟ ಬಂದಲ್ಲಿಗೆ ಹೋಗಬಹುದೆಂದು ಹೇಳಿ ಅರ್ಜಿಯನ್ನು ಮುಗಿಸುತ್ತಾರೆ. ಹಿರಿಯರಿಗೆ ನಂಬಲಾಗುವುದಿಲ್ಲ. ಮಗಳನ್ನು ಕೊಡಿಸಿರೆಂದು ಕೇಳಲು ಬಂದವರು ಅವರು. ಹುಡುಗನ ಜಾತಿ, ಮನೆತನ, ದುಡಿಮೆ, ನಡತೆ ಯಾವುದರ ಸುದ್ದಿಯನ್ನೂ ಕೋರ್ಟು ಎತ್ತಲಿಲ್ಲ.

ಇವರು ಒಬ್ಬ ವ್ಯಕ್ತಿಯಲ್ಲ. ಆಳಂದವಾಗಲಿ, ಅಫಜಲಪುರವಾಗಲಿ, ಜೇವರ್ಗಿಯಾಗಲಿ, ನಾಡಿನ ಯಾವ ತಾಲ್ಲೂಕಿನ ಯಾವ ಮನೆಯ ಯಜಮಾನರೂ ಇವರಾಗಬಹುದು. ಅವರು ಹಾಕಿದ ಅರ್ಜಿಗೆ ಹೇಬಿಯಸ್ ಕಾರ್ಪಸ್ ಅರ್ಜಿ ಎಂದು ಹೆಸರು. ಕನ್ನಡದ ಗ್ರಂಥಗಳಲ್ಲಿ ಬಂದೀ ಪ್ರತ್ಯಕ್ಷೀಕರಣ ಎನ್ನುತ್ತಾರೆ. ವೃತ್ತಪತ್ರಿಕೆಗಳಲ್ಲಿ ದಿನವೂ ಕಾಣುವ ಈ ಶಬ್ದದ ಹಿಂದೆ ಎಂಥ ಚರಿತ್ರೆಯಿದೆ, ಅದು ತಂದೆತಾಯಿಗಳ ಕೈಗೆ ಹೇಗೆ ಬಂದಿತು, ಬಂದಮೇಲೂ ಅವರು ಬಯಸಿದ ಕೆಲಸವನ್ನು ಅದು ಏಕೆ ಮಾಡದು ಎಂಬುದನ್ನು ಸ್ವಲ್ಪ ವಿಚಾರ ಮಾಡಿ ನೋಡೋಣ.

ಹೇಬಿಯಸ್ ಕಾರ್ಪಸ್ ಎಂಬುದು ಲ್ಯಾಟಿನ್ ಭಾಷೆಯ ಮಾತು. ನೀನು ಹಿಡಿದಿಟ್ಟುಕೊಂಡಿರುವ ಮನುಷ್ಯನನ್ನು ನಮ್ಮ ಮುಂದೆ ತಂದು ನಿಲ್ಲಿಸು, ಯಾವ ಅಧಿಕಾರದಿಂದ ಹಿಡಿದಿದ್ದೀಯೆಂಬುದನ್ನು ಹೇಳು ಎಂಬುದು ಅದರ ಭಾವಾರ್ಥ. ಇಂಗ್ಲೆಂಡಿನಲ್ಲಿ 1679ರ ಕಾಯಿದೆ ಈ ಆಜ್ಞೆಯನ್ನು ಬಲಪಡಿಸಿತು. ಕಾರಣ ಹೇಳದೆ ಜನರನ್ನು ಸೆರೆಯಲ್ಲಿಡುವ ಸರಕಾರವನ್ನು ಹಿಡಿದು ನಿಲ್ಲಿಸುವುದು ಅದರ ಮುಖ್ಯ ಉದ್ದೇಶ. ಆದರೆ ಸೆರೆ ಎನ್ನುವುದು ಸರಕಾರದ ಕಾರಾಗೃಹದಲ್ಲಿ ಮಾತ್ರವೇ ಇರುತ್ತದೆಯೆ? ಖಾಸಗಿ ಮನೆಯ ಕೋಣೆಯೂ ಸೆರೆಯಾಗಬಹುದು. ಹೀಗಾಗಿ ಗಂಡನಿಂದ ಹೆಂಡತಿಯನ್ನು, ಯಜಮಾನನಿಂದ ಆಳನ್ನು, ಪರರ ಮನೆಯಿಂದ ಮಗುವನ್ನು ಬಿಡಿಸಲಿಕ್ಕೂ ಜನ ಈ ಆಜ್ಞೆಯನ್ನು ಬೇಡತೊಡಗಿದರು.

ಅಂಥ ಮೊಕದ್ದಮೆಗಳಲ್ಲಿ 1763ರದೊಂದು ನಮ್ಮ ವಿಷಯಕ್ಕೆ ತೀರ ಹತ್ತಿರದ್ದು. ಲಂಡನ್ನಿನ ಆನ್ ಕ್ಯಾಟ್ಲಿ ಎಂಬ ಗಾಯಕಿಯನ್ನು ಆಕೆಯ ತಂದೆ ಸಂಗೀತದ ಉಪಾಧ್ಯಾಯರೊಬ್ಬರ ಬಳಿ ಶಿಷ್ಯವೃತ್ತಿಗೆ ಬಿಟ್ಟಿದ್ದನು. ಆಕೆ ಡೆಲವಲ್ ಎಂಬ ಶ್ರೀಮಂತನ ವಶವಾದಳು. ತಂದೆ ನ್ಯಾಯಾಲಯಕ್ಕೆ ಹೋದನು. ಆಗ ಆಕೆಗೆ ಹದಿನೆಂಟು ದಾಟಿದ್ದಿತು. ಮುಖ್ಯ ನ್ಯಾಯಾಧೀಶ ಲಾರ್ಡ್ ಮ್ಯಾನ್ಸ್‌ಫೀಲ್ಡ್ ಶ್ರೀಮಂತನ ನಡತೆಯನ್ನು ಕಟುವಾಗಿ ಖಂಡಿಸಿದನು. ಆದರೂ ಹುಡುಗಿಯನ್ನು ತಂದೆಯ ಕೈಗೆ ಕೊಡಲಿಲ್ಲ. ಅನ್ಯಾಯದ ಬಂಧನವಿದ್ದರೆ ಬಿಡಿಸುವುದು ನ್ಯಾಯಾಲಯದ ಕರ್ತವ್ಯ. ಬಿಡಿಸಿದವರನ್ನು ಇಂಥವರಿಗೇ ಒಪ್ಪಿಸಬೇಕೆಂಬ ಕಟ್ಟಳೆಯಿಲ್ಲ, ಅದು ಆಯಾ ಪ್ರಸಂಗವನ್ನು ನೋಡಿ ನಿರ್ಧರಿಸತಕ್ಕದ್ದು ಎಂಬುದು ಆತನ ನಿರ್ಣಯದ ತಿರುಳು. ಆಕೆಗೆ ಎಲ್ಲಿ ಇಷ್ಟವೋ ಅಲ್ಲಿಗೆ ಹೋಗಲು ಬಿಟ್ಟರು.

ಬಿಡಿಸುವುದು ಬೇರೆ, ಒಪ್ಪಿಸುವುದು ಬೇರೆ ಎಂಬ ಈ ಭೇದವನ್ನು ಓದುಗರು ನೆನಪಿನಲ್ಲಿಡಬೇಕು. ಕಲಬುರಗಿಯ ಕೋರ್ಟಿನಲ್ಲಿ ಕುಳಿತ ನಮ್ಮ ಹಿರಿಯರ ನಿರಾಶೆಯ ಕಾರಣವೆಲ್ಲ ಇದರಲ್ಲಿದೆ.

ಈ ಆಜ್ಞೆ ಭಾರತಕ್ಕೆ ಬಂದುದು ಇಂಗ್ಲಿಷರ ನ್ಯಾಯಾಲಯಗಳೊಡನೆ. 1773ರ ಕಾಯಿದೆಯ ಪ್ರಕಾರ 1774ರಲ್ಲಿ ಕಲ್ಕತ್ತೆಯಲ್ಲಿ ಸುಪ್ರೀಂ ಕೋರ್ಟು ಸ್ಥಾಪನೆಯಾಯಿತು. ಮದರಾಸು, ಮುಂಬಯಿಗಳಲ್ಲಿ ತರುವಾಯ. ಈ ನಗರಗಳಲ್ಲಿ ತಂದೆತಾಯಿಗಳು ಮೊದಲು ಕೋರ್ಟಿನ ಬಾಗಿಲು ತಟ್ಟಿದುದು ಮದುವೆಯ ಕಾರಣಕ್ಕಲ್ಲ, ಮತಾಂತರದ ಕಾರಣಕ್ಕೆ. ಮದುವೆಗಳಾಗುತ್ತಿದ್ದುದು ಎಳೆಯ ವಯಸ್ಸಿನಲ್ಲಿ. ಮಕ್ಕಳು ತಾವೇ ಆರಿಸಿಕೊಳ್ಳುವ ಪ್ರಶ್ನೆ ಅಪರೂಪವಾಗಿದ್ದಿತು. ಆದರೆ ಮಿಶನರಿಗಳ ಶಾಲೆಗೆ ಹೋದ ಹುಡುಗ ಮನೆಗೆ ಬರಲೊಲ್ಲೆನೆಂದರೆ ಏನು ಮಾಡಬೇಕು?

1843ರಲ್ಲಿ ಮುಂಬಯಿಯಲ್ಲಿ ಇದೇ ನಡೆಯಿತು. ನಾರಾಯಣ ಶೇಷಾದ್ರಿ ಎಂಬ ಬ್ರಾಹ್ಮಣ ತರುಣನು ಕ್ರೈಸ್ತ ಮತವನ್ನು ಸ್ವೀಕರಿಸಿದನು. ಆತನ ತಮ್ಮ ಶ್ರೀಪತಿ, ಇನ್ನೂ ಬಾಲಕ, ರಾಬರ್ಟ್ ನೆಸ್ಬಿಟ್ ಎಂಬ ಮಿಶನರಿಯ ಮನೆಯಲ್ಲಿದ್ದನು. ತಂದೆ ಹೇಬಿಯಸ್ ಕಾರ್ಪಸ್ ತಂದನು. ನ್ಯಾಯಾಧೀಶ ಅರ್ಸ್ಕಿನ್ ಪೆರಿ ಬಾಲಕನನ್ನು ತಂದೆಗೆ ಒಪ್ಪಿಸಿದನು. ತನ್ನ ಹಿತವನ್ನು ತಾನೇ ಅರಿಯುವ ವಯಸ್ಸಲ್ಲದ ಮಗುವಿಗೆ ತಂದೆಯ ಮನೆಯೇ ಆಶ್ರಯವೆಂಬುದು ತರ್ಕ. ಹುಡುಗ ಮನೆಗೇನೋ ಬಂದನು. ಜಾತಿ ಅವನನ್ನು ಒಳಕ್ಕೆ ಕರೆದುಕೊಳ್ಳಲಿಲ್ಲ. ಪ್ರಾಯಶ್ಚಿತ್ತ ಮಾಡಿಸಿ ಸೇರಿಸಿಕೊಳ್ಳಬೇಕೆಂದು ಪತ್ರಿಕಾಕರ್ತ ಬಾಳಶಾಸ್ತ್ರಿ ಜಾಂಭೇಕರರು ಮುಂದೆ ಬಂದರೆ, ಕರ್ಮಠರು ಅವರ ಮೇಲೆಯೇ ತಿರುಗಿಬಿದ್ದರು. ಕೋರ್ಟು ಮಗನನ್ನು ತಂದೆಗೆ ಕೊಡಿಸಬಲ್ಲುದು, ಜಾತಿಗೆ ಕೊಡಿಸಲಾರದು. ಅಣ್ಣ ನಾರಾಯಣ ಶೇಷಾದ್ರಿಯು ಮುಂದೆ ನಿಜಾಮರ ರಾಜ್ಯದ ಜಾಲನಾದಲ್ಲಿ ನೆಲಸಿ ಪ್ರಸಿದ್ಧ ಪಾದ್ರಿಯಾದನು.

ಇಪ್ಪತ್ತೇಳು ವರ್ಷಗಳ ಮೇಲೆ, 1870ರಲ್ಲಿ, ಕಲ್ಕತ್ತೆಯಲ್ಲಿ ಇನ್ನೊಂದು ಮೊಕದ್ದಮೆ. ಗಣೇಶ ಸುಂದರಿ ದೇವಿ ಎಂಬ ಹದಿಹರೆಯದ ವಿಧವೆ ಮನೆ ಬಿಟ್ಟು ಕ್ರೈಸ್ತಳಾಗಿ ವಾನ್ ಎಂಬ ಮಿಶನರಿಯ ಆಶ್ರಯದಲ್ಲಿದ್ದಳು. ತಾಯಿ ಹೈಕೋರ್ಟಿಗೆ ಬಂದಳು. ನ್ಯಾಯಮೂರ್ತಿ ಫಿಯರ್ ಮುಂಬಯಿಯಲ್ಲಿ ನಡೆದಂತೆ ಮಾಡಲಿಲ್ಲ. ಈಕೆ ತನ್ನ ವಿಷಯವನ್ನು ತಾನು ವಿವೇಚಿಸಬಲ್ಲ ವಯಸ್ಸಿನವಳು, ಎಲ್ಲಿರಬೇಕೆಂಬುದನ್ನು ತಾನೇ ಆರಿಸಿಕೊಳ್ಳಲಿ ಎಂದರು. ಆಕೆಯನ್ನು ಯಾರೂ ಹಿಡಿದಿಟ್ಟಿಲ್ಲವಾದಮೇಲೆ ಬಿಡಿಸುವ ಪ್ರಶ್ನೆಯೇ ಇಲ್ಲ.

ಎರಡೂ ತೀರ್ಪುಗಳು ಒಂದಕ್ಕೊಂದು ವಿರುದ್ಧವೆಂದು ತೋರಬಹುದು. ಹಾಗಲ್ಲ. ನಡುವೆ ಇರುವ ಗೆರೆ ವಯಸ್ಸಿನದು. ಮಗುವಾದರೆ ಕೋರ್ಟು ಹಿತವನ್ನು ನೋಡುತ್ತದೆ. ದೊಡ್ಡವರಾದರೆ ಇಚ್ಛೆಯನ್ನು ಕೇಳುತ್ತದೆ. ಆ ಗೆರೆಯನ್ನು 1875ರ ವಯಸ್ಕತನದ ಕಾಯಿದೆ ಸಾಮಾನ್ಯವಾಗಿ ಹದಿನೆಂಟು ವರ್ಷಕ್ಕೆ ಎಳೆಯಿತು. ಅಂದಿನಿಂದ ಇಂಥ ಅರ್ಜಿಗಳಲ್ಲೆಲ್ಲ ಮೊದಲು ಏಳುವ ಪ್ರಶ್ನೆ ಹುಟ್ಟಿದ ತಾರೀಕಿನದು.

ಈ ತಾರೀಕಿನ ವಿಷಯ ನಮ್ಮ ಹಳ್ಳಿಗಳಲ್ಲಿ ಬಹಳ ಕಾಲ ಸಡಿಲವಾಗಿದ್ದಿತು. ಸಾಲೆಯಲ್ಲಿ ಹೆಸರು ಹಚ್ಚಲು ಕರೆತಂದ ಮಗುವಿನ ಹುಟ್ಟಿದ ದಿನವನ್ನು ಮಾಸ್ತರರು ಕೇಳಿದರೆ, ದೊಡ್ಡ ಮಳೆ ಬಂದ ವರ್ಷ, ಸುಗ್ಗಿಯ ಮುಂದೆ ಎಂಬ ಉತ್ತರ ಬರುತ್ತಿದ್ದಿತು. ಮಾಸ್ತರರು ಜೂನ್ ಒಂದು ಎಂದು ಬರೆದುಕೊಂಡು ಮುಂದಿನ ಮಗುವನ್ನು ಕರೆಯುತ್ತಿದ್ದರು. ಹೀಗೆ ಜೂನ್ ಒಂದರಂದು ಹುಟ್ಟಿದವರು ಕರ್ನಾಟಕದ ಊರೂರಿನಲ್ಲಿಯೂ ಇದ್ದಾರೆ. ಅಂದಾಜಿನಿಂದ ಬರೆದ ಆ ಒಂದು ಸಾಲು, ವರ್ಷಗಳ ಮೇಲೆ ಹೈಕೋರ್ಟಿನ ಮೇಜಿನ ಮೇಲೆ ಒಂದು ಬಾಳನ್ನು ನಿರ್ಣಯಿಸುವ ದಾಖಲೆಯಾಗುತ್ತದೆ. ವಯಸ್ಸಿನ ಬಗ್ಗೆ ವಾದ ಬಂದರೆ ಮೊದಲು ಸಾಲೆಯ ಅಥವಾ ಮೆಟ್ರಿಕ್ ಪ್ರಮಾಣಪತ್ರ, ಅದಿಲ್ಲವಾದರೆ ಪುರಸಭೆ ಪಂಚಾಯಿತಿಗಳ ಜನನಪತ್ರ, ಎರಡೂ ಇಲ್ಲವಾದರೆ ಮಾತ್ರ ವೈದ್ಯರಿಂದ ಎಲುಬಿನ ಪರೀಕ್ಷೆ ಎಂಬುದು 2015ರ ಬಾಲನ್ಯಾಯ ಕಾಯಿದೆ ಹೇಳುವ ಕ್ರಮ.

ಇನ್ನು ನಮ್ಮ ಭಾಗಕ್ಕೆ ಬರೋಣ. ಆಳಂದ, ಅಫಜಲಪುರ, ಜೇವರ್ಗಿಗಳು 1948ರ ಸೆಪ್ಟೆಂಬರಿನವರೆಗೆ ನಿಜಾಮರ ಹೈದರಾಬಾದು ಸಂಸ್ಥಾನದೊಳಗೆ ಇದ್ದವು. ಅದಾಲತ್ತಿನ ಭಾಷೆ ಉರ್ದು. ಹೈಕೋರ್ಟು ಮೂಸಿ ನದಿಯ ದಂಡೆಯ ಮೇಲೆ. ಮನೆಯ ಮಕ್ಕಳ ವಿಷಯ ಅಷ್ಟು ದೂರ ಹೋಗುವುದು ಕಷ್ಟವೇ. ಊರ ದೈವ, ಪಂಚರು, ಮಠ ದರ್ಗಾಗಳ ಹಿರಿಯರು, ಪಟೇಲ ಪಟವಾರಿ, ಇವರ ಮುಂದೆಯೇ ತೀರುತ್ತಿದ್ದಿತು. ಅಲ್ಲಿ ಹುಡುಗಿಯನ್ನು ಮುಂದಕ್ಕೆ ಕರೆದು ನಿನ್ನ ಇಷ್ಟವೇನೆಂದು ಕೇಳುವ ಪದ್ಧತಿ ಅಪರೂಪ.

1950ರ ಜನವರಿ 26ರಂದು ಸಂವಿಧಾನ ಜಾರಿಗೆ ಬಂದಿತು. ಅದರ 226ನೆಯ ಅನುಚ್ಛೇದವು ಪ್ರತಿಯೊಂದು ಹೈಕೋರ್ಟಿಗೂ ಹೇಬಿಯಸ್ ಕಾರ್ಪಸ್ ಮೊದಲಾದ ಆಜ್ಞೆಗಳನ್ನು ಹೊರಡಿಸುವ ಅಧಿಕಾರ ಕೊಟ್ಟಿತು. 32ನೆಯ ಅನುಚ್ಛೇದ ಸುಪ್ರೀಂ ಕೋರ್ಟಿಗೆ ಕೊಟ್ಟಿತು. ಬ್ರಿಟಿಷ್ ಭಾರತದಲ್ಲಿ 1898ರ ದಂಡಪ್ರಕ್ರಿಯಾ ಸಂಹಿತೆಯ 491ನೆಯ ಕಲಮಿನ ಮೂಲಕ ಬರುತ್ತಿದ್ದ ಪರಿಹಾರವು ಈಗ ಸಂವಿಧಾನದ ಮಾತೇ ಆಯಿತು. ಭೀಮೆಯ ದಂಡೆಯ ರೈತನಿಗೂ ಕಲ್ಕತ್ತೆಯ ಜಮೀನುದಾರನಿಗೂ ಒಂದೇ ಹಕ್ಕು.

ಹಕ್ಕು ಬಂದಿತು, ಆದರೆ ದಾರಿ ಬೆಳೆಯಿತು. 1956ರ ನವೆಂಬರ್ 1ರಂದು ಕಲಬುರಗಿ ಜಿಲ್ಲೆ ವಿಶಾಲ ಮೈಸೂರು ರಾಜ್ಯಕ್ಕೆ ಸೇರಿದಾಗ ಹೈಕೋರ್ಟು ಬೆಂಗಳೂರಿನದಾಯಿತು. ಹೈದರಾಬಾದಿಗೆ ಸುಮಾರು ಇನ್ನೂರಿಪ್ಪತ್ತು ಕಿಲೋಮೀಟರು ಇದ್ದ ಕಲಬುರಗಿಗೆ ಬೆಂಗಳೂರು ಆರುನೂರು ಕಿಲೋಮೀಟರಿನಷ್ಟು ದೂರ. ಆಳಂದದ ತಂದೆಯೊಬ್ಬನು ಅರ್ಜಿ ಹಾಕಬೇಕಾದರೆ ಕಲಬುರಗಿಗೆ ಬಂದು, ರಾತ್ರಿಯಿಡೀ ರೈಲಿನಲ್ಲಿ ಕುಳಿತು, ಗುರುತಿಲ್ಲದ ನಗರದಲ್ಲಿ ವಕೀಲರನ್ನು ಹುಡುಕಬೇಕಾಗಿದ್ದಿತು. ಈ ಭಾಗದ ವಕೀಲರು, ಜನರು ಬಹುಕಾಲ ಹೋರಾಡಿದ ಮೇಲೆ 2008ರ ಜುಲೈ ತಿಂಗಳಲ್ಲಿ ಧಾರವಾಡದೊಡನೆ ಕಲಬುರಗಿಯಲ್ಲಿಯೂ ಸಂಚಾರಿ ಪೀಠ ಕುಳಿತಿತು. 2013ರ ಆಗಸ್ಟಿನಲ್ಲಿ ಅದು ಕಾಯಂ ಪೀಠವಾಯಿತು. ಈಗ ಆಳಂದದವರು ಬೆಳಿಗ್ಗೆ ಹೊರಟರೆ ಕೋರ್ಟು ಕೂಡುವ ಹೊತ್ತಿಗೆ ಬಂದು ಮುಟ್ಟುತ್ತಾರೆ. ಜೇವರ್ಗಿಯವರು ಕಟ್ಟಿಸಂಗಾವಿಯ ಸೇತುವೆ ದಾಟಿದರೆ ಕಲಬುರಗಿ ದೂರವಲ್ಲ. ಹತ್ತಿರವಾದುದು ತಂದೆತಾಯಿಗಳಿಗೆ ಮಾತ್ರವಲ್ಲ. ಮನೆಯಲ್ಲಿ ಕೂಡಿಹಾಕಿದ ಹೆಂಡತಿಯನ್ನು ಬಿಡಿಸಿರೆಂದು ಕೇಳುವ ತರುಣನಿಗೂ ಅದೇ ಬಾಗಿಲು ಹತ್ತಿರವಾಯಿತು.

ಈ ಅವಧಿಯಲ್ಲಿ ಮದುವೆಯ ಕಾಯಿದೆಯೂ ಬೇರೆ ದಾರಿಯಿಂದ ಅದೇ ಗೆರೆಯ ಕಡೆಗೆ ಬರುತ್ತಿದ್ದಿತು. 1872ರ ವಿಶೇಷ ವಿವಾಹ ಕಾಯಿದೆಯಂತೆ ಮದುವೆಯಾಗುವವರಿಗೆ ಇಪ್ಪತ್ತೊಂದು ತುಂಬಿರದಿದ್ದರೆ ತಂದೆಯ ಅಥವಾ ಪೋಷಕರ ಒಪ್ಪಿಗೆ ಬೇಕಾಗಿದ್ದಿತು. 1949ರಲ್ಲಿ ಹಿಂದೂಗಳ ಅಂತರ್ಜಾತೀಯ ಮದುವೆಗಳು ಸಿಂಧುವೆಂದು ಕಾಯಿದೆಯಾಯಿತು. 1954ರ ವಿಶೇಷ ವಿವಾಹ ಕಾಯಿದೆಯು ವರನಿಗೆ ಇಪ್ಪತ್ತೊಂದು, ವಧುವಿಗೆ ಹದಿನೆಂಟು ಎಂದು ನಿಶ್ಚಯಿಸಿತು. 1955ರ ಹಿಂದೂ ವಿವಾಹ ಕಾಯಿದೆ ಮೊದಲಿಗೆ ವಧುವಿಗೆ ಹದಿನೈದೇ ಸಾಕೆಂದು, ಹದಿನೆಂಟರೊಳಗಿದ್ದರೆ ಪೋಷಕರ ಸಮ್ಮತಿ ಇರಬೇಕೆಂದು ಹೇಳಿತ್ತು. 1978ರ ತಿದ್ದುಪಡಿ ವಧುವಿನ ವಯಸ್ಸನ್ನು ಹದಿನೆಂಟಕ್ಕೂ ವರನದನ್ನು ಇಪ್ಪತ್ತೊಂದಕ್ಕೂ ಏರಿಸಿ, ಸಮ್ಮತಿಯ ಕಲಮನ್ನು ತೆಗೆದುಹಾಕಿತು. ಮದುವೆಯ ವಯಸ್ಸೇ ವಯಸ್ಕತನದ ವಯಸ್ಸಾದಮೇಲೆ ಇನ್ನೊಬ್ಬರ ಸಮ್ಮತಿಗೆ ಎಡೆಯೆಲ್ಲಿ? ತಂದೆತಾಯಿಗಳ ಒಪ್ಪಿಗೆ ಆಶೀರ್ವಾದವಾಗಿ ಉಳಿಯಿತು, ಕಾಯಿದೆಯ ಷರತ್ತಾಗಿ ಉಳಿಯಲಿಲ್ಲ.

ಇಲ್ಲಿ ನಮ್ಮ ನೆಲದ್ದೇ ಆದ ಒಂದು ಹಳೆಯ ಮದುವೆ ನೆನಪಿಗೆ ಬರುತ್ತದೆ. ಆಳಂದದ ಈಶಾನ್ಯಕ್ಕೆ ಬೀದರ ಜಿಲ್ಲೆಯಲ್ಲಿರುವ ಬಸವಕಲ್ಯಾಣವು ಹನ್ನೆರಡನೆಯ ಶತಮಾನದಲ್ಲಿ ಬಿಜ್ಜಳನ ರಾಜಧಾನಿ. ಬ್ರಾಹ್ಮಣ ಕುಲದಿಂದ ಬಂದ ಶರಣ ಮಧುವರಸರ ಮಗಳಿಗೂ ಸಮಗಾರ ಶರಣ ಹರಳಯ್ಯನವರ ಮಗನಿಗೂ ಅಲ್ಲಿ ಮದುವೆ ನಡೆಯಿತೆಂದು ಶರಣ ಪರಂಪರೆ ಹೇಳುತ್ತದೆ. ಎರಡೂ ಕಡೆಯ ತಂದೆಯರು ಸಂತೋಷದಿಂದ ಒಪ್ಪಿದ್ದರು. ಒಪ್ಪದಿದ್ದವನು ಅರಸು. ವರ್ಣಸಂಕರದ ಅಪರಾಧವೆಂದು ಆ ಇಬ್ಬರು ತಂದೆಯರಿಗೆ ಎಳೆಹೂಟೆಯ ಶಿಕ್ಷೆಯಾಯಿತು. ಕಲ್ಯಾಣ ಕ್ರಾಂತಿಗೆ ಅದೇ ಕಿಡಿಯಾಯಿತು. ಅಂದು ತಂದೆಯರು ಮಕ್ಕಳ ಪಕ್ಕದಲ್ಲಿ ನಿಂತರು, ರಾಜ್ಯ ಎದುರು ನಿಂತಿತು. ಇಂದು ಬಹಳ ಕಡೆ ತಂದೆ ಎದುರು ನಿಂತು ರಾಜ್ಯದ ನೆರವನ್ನು ಬೇಡುತ್ತಿದ್ದಾನೆ. 2019ರಿಂದ ಈ ವಿಭಾಗಕ್ಕೆ ಕಲ್ಯಾಣ ಕರ್ನಾಟಕ ಎಂದೇ ಹೆಸರಿಟ್ಟಿದ್ದೇವೆ. ಹೆಸರಿನೊಡನೆ ಆ ಇಬ್ಬರು ತಂದೆಯರ ನೆನಪನ್ನೂ ಇಟ್ಟುಕೊಳ್ಳುವುದು ಒಳ್ಳೆಯದು.

ಅಂಥ ರಾಜ್ಯವೇ ಹೇಬಿಯಸ್ ಕಾರ್ಪಸ್ಸಿನ ಬಾಗಿಲನ್ನು ಒಮ್ಮೆ ಮುಚ್ಚಿದುದೂ ಉಂಟು. 1975ರ ತುರ್ತುಪರಿಸ್ಥಿತಿಯಲ್ಲಿ ಬೆಂಗಳೂರಿನ ಸೆರೆಮನೆಯಲ್ಲಿದ್ದ ಅಟಲ ಬಿಹಾರಿ ವಾಜಪೇಯಿ, ಅಡ್ವಾಣಿ, ಮಧು ದಂಡವತೆ ಮೊದಲಾದವರು ಕರ್ನಾಟಕ ಹೈಕೋರ್ಟಿಗೆ ಇಂಥ ಅರ್ಜಿಗಳನ್ನೇ ಹಾಕಿದ್ದರು. 1976ರಲ್ಲಿ ಸುಪ್ರೀಂ ಕೋರ್ಟು, ತುರ್ತುಪರಿಸ್ಥಿತಿಯಲ್ಲಿ ಈ ಅರ್ಜಿಗಳು ನಡೆಯವೆಂದು ಬಹುಮತದಿಂದ ಹೇಳಿತು, ನ್ಯಾಯಮೂರ್ತಿ ಎಚ್. ಆರ್. ಖನ್ನಾ ಒಬ್ಬರೇ ಭಿನ್ನಮತವನ್ನು ಬರೆದರು. ಆ ತೀರ್ಪನ್ನು ರದ್ದುಮಾಡಿದುದು 2017ರ ಖಾಸಗಿತನದ ತೀರ್ಪು. ಆ ಮೊಕದ್ದಮೆಯ ಅರ್ಜಿದಾರರು ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ. ಎಸ್. ಪುಟ್ಟಸ್ವಾಮಿಯವರು. ಸಂಸಾರ, ಮದುವೆ ಮೊದಲಾದ ಆಪ್ತ ನಿರ್ಧಾರಗಳು ಮನುಷ್ಯನ ಖಾಸಗಿತನದೊಳಗೆ ಸೇರಿದವೆಂದು ಅದೇ ತೀರ್ಪು ಹೇಳಿತು. ಹೀಗೆ ಸೆರೆಮನೆಯ ಪ್ರಶ್ನೆಯೂ ಮದುವೆಯ ಪ್ರಶ್ನೆಯೂ ಒಂದೇ ಕಡೆ ಬಂದು ಸೇರಿದವು.

ತತ್ತ್ವ ಇಷ್ಟು ಸ್ಪಷ್ಟವಿದ್ದರೂ ನ್ಯಾಯಪೀಠದ ಮೇಲೆ ಕುಳಿತವರೂ ಮಕ್ಕಳ ತಂದೆತಾಯಿಗಳೇ. ಆದುದರಿಂದ ತೀರ್ಪುಗಳಲ್ಲಿ ಕಾಯಿದೆಯ ದನಿಯ ಜೊತೆಗೆ ಮನೆಯ ಹಿರಿಯರ ದನಿಯೂ ಕೇಳಿಬರುತ್ತದೆ. 2011ರಲ್ಲಿ ಇಂಥದೇ ಒಂದು ಅರ್ಜಿಯಲ್ಲಿ ಕರ್ನಾಟಕ ಹೈಕೋರ್ಟಿನ ಪೀಠವೊಂದು, ಇಪ್ಪತ್ತೊಂದು ವರ್ಷ ತುಂಬದ ಹುಡುಗಿಯರ ಪ್ರೇಮವಿವಾಹಕ್ಕೆ ತಂದೆತಾಯಿಗಳ ಒಪ್ಪಿಗೆ ಬೇಕೆಂದು ಕಾಯಿದೆ ತಿದ್ದುವುದು ಲೇಸೆಂಬ ಅಭಿಪ್ರಾಯ ಕೊಟ್ಟಿತು. ಕಾಯಿದೆಯನ್ನು ಯಾರೂ ತಿದ್ದಲಿಲ್ಲ. 2022ರಲ್ಲಿ ತಂದೆಯೊಬ್ಬರು ತಂದ ಅರ್ಜಿಯಲ್ಲಿ, ಮಗಳು ತಾನು ವಯಸ್ಕಳು, ಮೆಚ್ಚಿದವನನ್ನು ಮದುವೆಯಾಗಿದ್ದೇನೆ ಎಂದು ಹೇಳಿದಾಗ, ಪೀಠವು ಆಕೆಯನ್ನು ಮನೆಗೆ ಕಳಿಸಲಿಲ್ಲ. ಆದರೆ ಇಂದು ತಂದೆತಾಯಿಗೆ ಮಕ್ಕಳು ಮಾಡಿದುದು ನಾಳೆ ಅವರಿಗೇ ತಿರುಗಿ ಬಂದೀತೆಂದು ಬುದ್ಧಿಯ ಮಾತನ್ನು ದೀರ್ಘವಾಗಿಯೇ ಹೇಳಿತು. ಇದಕ್ಕೆ ಎದುರಾಗಿ 2020ರ ನವೆಂಬರಿನಲ್ಲಿ ಅದೇ ಹೈಕೋರ್ಟಿನ ನ್ಯಾಯಮೂರ್ತಿ ಎಸ್. ಸುಜಾತಾ, ನ್ಯಾಯಮೂರ್ತಿ ಸಚಿನ್ ಶಂಕರ ಮಗದುಮ್ ಅವರ ಪೀಠದ ಮುಂದೆ ಬಂದ ಅರ್ಜಿ ತರುಣನೊಬ್ಬನದು. ಬೆಂಗಳೂರಿನ ಸಾಫ್ಟ್‌ವೇರ್ ಎಂಜಿನಿಯರಳಾಗಿದ್ದ ಯುವತಿಯ ಮಾತು ಕೇಳಿದ ಪೀಠ, ಮೆಚ್ಚಿದವರನ್ನು ಮದುವೆಯಾಗುವುದು ವಯಸ್ಕರ ಮೂಲಭೂತ ಹಕ್ಕು, ಜಾತಿ ಮತದ ಹೆಸರಿನಲ್ಲಿ ಯಾರೂ ಅದನ್ನು ಕಸಿಯುವಂತಿಲ್ಲವೆಂದು ಬರೆದು ಆಕೆಯನ್ನು ಬಿಡಿಸಿತು. ಉಪದೇಶಗಳು ಬೇರೆ ಬೇರೆಯಾದರೂ ಆಜ್ಞೆ ಒಂದೇ ತೆರನಾದುದನ್ನು ಗಮನಿಸಬೇಕು.

ಈ ಗೆರೆಯನ್ನು ದಾಟಿದರೆ ಏನಾಗುತ್ತದೆಂಬುದು ಕೇರಳದಲ್ಲಿ ಕಂಡಿತು. ಅಲ್ಲಿಯ ವೈದ್ಯವಿದ್ಯಾರ್ಥಿನಿಯೊಬ್ಬಳು ಮತವನ್ನು ಬದಲಿಸಿ ಮದುವೆಯಾದಳು. ತಂದೆಯ ಹೇಬಿಯಸ್ ಕಾರ್ಪಸ್ ಅರ್ಜಿಯ ಮೇಲೆ ಹೈಕೋರ್ಟು 2017ರ ಮೇ ತಿಂಗಳಲ್ಲಿ ಆ ಮದುವೆಯನ್ನೇ ರದ್ದುಮಾಡಿ ಆಕೆಯನ್ನು ತಂದೆಯ ಮನೆಗೆ ಕಳಿಸಿತು. ಇಪ್ಪತ್ತು ದಾಟಿದ ಹೆಣ್ಣು ತಿಂಗಳುಗಟ್ಟಲೆ ಮನೆಯೊಳಗೆ ಕಾವಲಿನಲ್ಲಿ ಇರಬೇಕಾಯಿತು. ಬಿಡಿಸಲೆಂದು ಹುಟ್ಟಿದ ಆಜ್ಞೆಯೇ ಬಂಧನವಾಯಿತು. 2018ರ ಮಾರ್ಚ್ 8ರಂದು ಸುಪ್ರೀಂ ಕೋರ್ಟು ಆ ತೀರ್ಪನ್ನು ತಳ್ಳಿಹಾಕಿ, ಹೇಬಿಯಸ್ ಕಾರ್ಪಸ್ ಅರ್ಜಿಯಲ್ಲಿ ವಯಸ್ಕರಿಬ್ಬರ ಮದುವೆಯನ್ನು ರದ್ದುಮಾಡುವ ಅಧಿಕಾರವಿಲ್ಲವೆಂದಿತು. ಅದೇ ತಿಂಗಳು ಇನ್ನೊಂದು ತೀರ್ಪಿನಲ್ಲಿ, ಮರ್ಯಾದೆಯ ಹೆಸರಿನ ಕೊಲೆಗಳನ್ನು ತಡೆಯಲು ಜಿಲ್ಲೆಗಳಲ್ಲಿ ವಿಶೇಷ ಘಟಕಗಳನ್ನೂ ಸುರಕ್ಷಿತ ವಸತಿಯನ್ನೂ ಏರ್ಪಡಿಸಬೇಕೆಂದು ಸರಕಾರಗಳಿಗೆ ಹೇಳಿತು.

ನಮ್ಮ ರಾಜ್ಯದ್ದೇ ಒಂದು ಪ್ರಕರಣ 2021ರ ಫೆಬ್ರವರಿಯಲ್ಲಿ ಸುಪ್ರೀಂ ಕೋರ್ಟಿನಲ್ಲಿ ತೀರ್ಮಾನವಾಯಿತು. ಬೆಳಗಾವಿ ಜಿಲ್ಲೆಯ ತಂದೆಯೊಬ್ಬರು ಮಗಳು ಕಾಣೆಯಾಗಿದ್ದಾಳೆಂದು ದೂರು ಕೊಟ್ಟಿದ್ದರು. ಆಕೆ ಉಪನ್ಯಾಸಕಿ, ದೂರದ ಊರಿನಲ್ಲಿ ತನ್ನಂತೆಯೇ ಪಾಠ ಹೇಳುವ ಒಬ್ಬರನ್ನು ಮದುವೆಯಾಗಿದ್ದಳು. ಮದುವೆಯ ದಾಖಲೆಯನ್ನು ಕಳಿಸಿದರೂ ತನಿಖಾಧಿಕಾರಿ ಊರ ಠಾಣೆಗೇ ಬಂದು ಹೇಳಿಕೆ ಕೊಡಬೇಕೆಂದು ಒತ್ತಾಯಿಸಿದನು. ನ್ಯಾಯಮೂರ್ತಿ ಸಂಜಯ ಕಿಶನ್ ಕೌಲ್, ನ್ಯಾಯಮೂರ್ತಿ ಹೃಷಿಕೇಶ ರಾಯ್ ಅವರು ಮೊಕದ್ದಮೆಯನ್ನು ವಜಾ ಮಾಡಿ, ಇಂಥ ಸೂಕ್ಷ್ಮ ಸಂದರ್ಭಗಳಲ್ಲಿ ನಡೆದುಕೊಳ್ಳುವ ರೀತಿಯನ್ನು ಪೋಲೀಸರಿಗೆ ಕಲಿಸಲು ಎಂಟು ವಾರಗಳೊಳಗೆ ನಿಯಮಗಳನ್ನು ರಚಿಸಬೇಕೆಂದರು. ಜಾತಿಯನ್ನು ಕರಗಿಸುವ ಮದ್ದು ಅಂತರ್ಜಾತೀಯ ಮದುವೆಯೆಂದು 1936ರಲ್ಲಿ ಡಾ. ಅಂಬೇಡ್ಕರರು ಬರೆದುದನ್ನು ತೀರ್ಪಿನಲ್ಲಿ ನೆನೆದರು.

ಕೇಳುವ ಪ್ರಶ್ನೆ ಸಣ್ಣದಾದರೂ ಕೇಳುವ ರೀತಿ 2024ರ ಮಾರ್ಚಿನವರೆಗೆ ಆಯಾ ಪೀಠಕ್ಕೆ ಬಿಟ್ಟದ್ದಾಗಿದ್ದಿತು. ಆ ತಿಂಗಳು ಸುಪ್ರೀಂ ಕೋರ್ಟು ಕೆಲವು ಸೂಚನೆಗಳನ್ನು ಕೊಟ್ಟಿತು. ಇಂಥ ಅರ್ಜಿಗಳನ್ನು ವಿಳಂಬವಿಲ್ಲದೆ ಕೈಗೆತ್ತಿಕೊಳ್ಳಬೇಕು, ಕರೆತಂದವರನ್ನು ತಂದೆತಾಯಿ, ಪೋಲೀಸರು ಯಾರೂ ಎದುರಿಗಿಲ್ಲದಂತೆ ನ್ಯಾಯಮೂರ್ತಿಗಳು ಏಕಾಂತದಲ್ಲಿ ಮಾತನಾಡಿಸಬೇಕು, ಧೈರ್ಯಗೊಳಿಸಿ ಕೇಳಬೇಕು, ಮನಸ್ಸು ತಿರುಗಿಸುವುದಕ್ಕಾಗಿ ಬುದ್ಧಿವಾದದ ಶಿಬಿರಕ್ಕೆ ಕಳಿಸಬಾರದು, ಮನೆಗೆ ಹೋಗಲೊಲ್ಲೆನೆಂದರೆ ಕೂಡಲೇ ಬಿಡಬೇಕು. ತಂದೆಯ ಕಣ್ಣೀರಿನ ಎದುರು ನಿಂತ ಹುಡುಗಿಗೂ, ಗಂಡನ ಕಡೆಯವರ ನಡುವೆ ನಿಂತ ಹುಡುಗಿಗೂ ನಿಜವನ್ನು ಹೇಳುವುದು ಒಂದೇ ರೀತಿ ಕಷ್ಟ. ಈ ಏಕಾಂತ ಎರಡೂ ಕಡೆಗೆ ನ್ಯಾಯ ಒದಗಿಸುತ್ತದೆ. ಹುಡುಗಿಯನ್ನು ನಿಜವಾಗಿ ಮೋಸದಿಂದಲೋ ಬಲದಿಂದಲೋ ಒಯ್ದಿದ್ದರೆ ಅದನ್ನು ಹೇಳಲಿಕ್ಕೂ ಅದೇ ಸ್ಥಳ.

ಮನೆಯೊಳಗೆ ಬಂಧನದಲ್ಲಿರುವವರನ್ನು ಬಿಡಿಸಲು ಯಾವಾಗಲೂ ಹೈಕೋರ್ಟೇ ಬೇಕೆಂದಿಲ್ಲ. ಉಪವಿಭಾಗಾಧಿಕಾರಿಗಳೂ ಮೊದಲ ವರ್ಗದ ಮ್ಯಾಜಿಸ್ಟ್ರೇಟರೂ ಶೋಧದ ವಾರಂಟು ಹೊರಡಿಸಬಹುದು. ಹಿಂದಿನ ದಂಡಪ್ರಕ್ರಿಯಾ ಸಂಹಿತೆಯಲ್ಲಿದ್ದ ಈ ಅಧಿಕಾರ 2024ರ ಜುಲೈನಲ್ಲಿ ಜಾರಿಗೆ ಬಂದ ನಾಗರಿಕ ಸುರಕ್ಷಾ ಸಂಹಿತೆಯಲ್ಲಿಯೂ ಮುಂದುವರಿದಿದೆ. ತಾಲ್ಲೂಕು ಕೋರ್ಟುಗಳ ಕಾನೂನು ಸೇವಾ ಸಮಿತಿಗಳಲ್ಲಿ ಹೆಂಗಸರಿಗೆ ಆದಾಯದ ಮಿತಿಯಿಲ್ಲದೆ ಉಚಿತ ನೆರವು ದೊರೆಯುತ್ತದೆ.

ಹಾಗಾದರೆ ರುಮಾಲು ಬಿಚ್ಚಿ ಕುಳಿತ ನಮ್ಮ ಹಿರಿಯರಿಗೆ ಈ ಆಜ್ಞೆಯಿಂದ ಏನೂ ದೊರೆಯಲಿಲ್ಲವೆ? ಹಾಗೆನ್ನಲಾಗದು. ಹದಿನೈದು ದಿನ ಅವರು ನಿದ್ದೆಗೆಟ್ಟುದು ಮರ್ಯಾದೆಯ ಚಿಂತೆಯಿಂದ ಮಾತ್ರವಲ್ಲ. ಮಗಳು ಬದುಕಿದ್ದಾಳೋ ಇಲ್ಲವೋ, ಯಾವ ಊರಲ್ಲಿ ಯಾರ ಕೈಯಲ್ಲಿ ಸಿಕ್ಕಿದ್ದಾಳೋ ಎಂಬ ಭಯದಿಂದ. ಆ ಭಯಕ್ಕೆ ಉತ್ತರ ಕೊಡುವ ಶಕ್ತಿ ಈ ಆಜ್ಞೆಗಿದೆ. ಸರಕಾರದ ಇಡೀ ಯಂತ್ರವನ್ನು ಓಡಿಸಿ ಅದು ಮಗಳನ್ನು ಅವರ ಕಣ್ಣ ಮುಂದೆ ತಂದು ನಿಲ್ಲಿಸಿತು. ಆಕೆ ಕ್ಷೇಮವಾಗಿದ್ದಾಳೆ, ತಾನೇ ಆರಿಸಿಕೊಂಡ ಕಡೆ ಇದ್ದಾಳೆ ಎಂಬುದನ್ನು ಆಕೆಯ ಬಾಯಿಂದಲೇ ಕೇಳಿಸಿತು. ಅದಕ್ಕಿಂತ ಹೆಚ್ಚಿನದು ಅದರ ಕೈಯಲ್ಲಿಲ್ಲ.

ಕೋರ್ಟಿನ ಹೊರಗೆ ಬಂದಾಗ ಮಗಳು ಬೇವಿನ ಮರದ ಕೆಳಗೆ ನಿಂತಿರುತ್ತಾಳೆ. ಮುಂದೇನೆಂಬುದನ್ನು ಯಾವ ಆಜ್ಞೆಯೂ ಹೇಳಲಾರದು. ತಂದೆ ರುಮಾಲು ಸುತ್ತಿಕೊಂಡು ತಿರುಗಿ ನೋಡದೆ ಬಸ್ ನಿಲ್ದಾಣದ ಹಾದಿ ಹಿಡಿಯಬಹುದು. ಇಲ್ಲವೆ ಹತ್ತಿರ ಹೋಗಿ, ಊಟ ಮಾಡಿದಿಯೇನವ್ವಾ ಎಂದು ಕೇಳಬಹುದು. ಅಷ್ಟು ಕೇಳಿದ ಮನೆಗಳಲ್ಲಿ ವರ್ಷ ತುಂಬುವುದರೊಳಗೆ ಮೊಮ್ಮಗುವಿನ ತೊಟ್ಟಿಲು ತೂಗಿದ ಉದಾಹರಣೆಗಳು ಎಲ್ಲ ಊರುಗಳಲ್ಲಿಯೂ ಇವೆ.